ಬಾದಾಮಿಯಲ್ಲೊಂದು ಬ್ರೆಜಿಲ್ ತಾಲೀಮು

ನಾನು ಬಾಯಿ ಮುಚ್ಚಿಕೊಂಡು ಕೂತದ್ದನ್ನು ಕಂಡವರು ನಮ್ಮ ಓಣಿಯಲ್ಲಿ ಯಾರೂ ಇಲ್ಲ. ಇದನ್ನು ನಾನೇ ಮೊದಲು ಹೇಳಿಬಿಡುತ್ತೇನೆ. ಇಲ್ಲದಿದ್ದರೆ ನಮ್ಮ ಯಜಮಾನರು ಹೇಳುತ್ತಾರೆ, ಅವರು ಹೇಳಿದರೆ ನಾಲ್ಕು ಮಾತು ಸೇರಿಸಿಯೇ ಹೇಳುತ್ತಾರೆ. ಇದರಲ್ಲಿ ನನ್ನ ತಪ್ಪೇನೂ ಇಲ್ಲ. ಹುಟ್ಟಿದ್ದು ಇಳಕಲ್ಲಿನ ನೇಕಾರರ ಓಣಿಯಲ್ಲಿ, ಕೊಟ್ಟದ್ದು ಅದೇ ಊರಿನ ಇನ್ನೊಂದು ನೇಕಾರರ ಓಣಿಗೆ. ಎರಡೂ ಕಡೆ ಬೆಳಕು ಹರಿಯುವ ಮುಂಚೆಯೇ ಮಗ್ಗದ ಸಪ್ಪಳ ಶುರುವಾಗುತ್ತದೆ. ಆ ಸಪ್ಪಳದ ಮೇಲೆ ಒಬ್ಬರ ಮಾತು ಒಬ್ಬರಿಗೆ ಕೇಳಬೇಕೆಂದರೆ ದನಿ ಎತ್ತಲೇಬೇಕು. ಎತ್ತಿದ ದನಿಯನ್ನು ಇಳಿಸುವುದು ಹೇಗೆಂದು ನಮಗೆ ಯಾರೂ ಕಲಿಸಲಿಲ್ಲ. ಶಾಲೆಯಲ್ಲಿ ಕಲಿಸುತ್ತಿದ್ದರೋ ಏನೋ, ನನ್ನನ್ನು ಮೂರನೇ ಇಯತ್ತೆಗೇ ಬಿಡಿಸಿದರು.

ಇಂಥ ನನ್ನನ್ನು ಬ್ರೆಜಿಲ್ ದೇಶಕ್ಕೆ ಕರೆದರು! ಇದನ್ನು ಬರೆಯುವಾಗ ಈಗಲೂ ಅಕ್ಷರ ದೊಡ್ಡವಾಗುತ್ತವೆ. ವಯಸ್ಸಾಯಿತಲ್ಲ ಎನ್ನಬೇಡಿ, ಹಿಗ್ಗಿಗೆ ದೊಡ್ಡವಾಗುತ್ತವೆ.

ಎಂಬತ್ತರ ದಶಕದ ನಡುವಿನ ಮಾತು. ಹಳೆಯ ಬಾಗಲಕೋಟೆ ಆಗಿನ್ನೂ ಅಣೆಕಟ್ಟಿನ ಹಿನ್ನೀರಿಗೆ ಹೋಗಿರಲಿಲ್ಲ, ನವನಗರ ಎನ್ನುವುದು ಜನರ ಬಾಯಲ್ಲಿ ಮಾತ್ರ ಇತ್ತು. ನಾನಾಗಲೇ ಮೊಮ್ಮಕ್ಕಳನ್ನು ಕಂಡವಳು. ಒಂದು ಬೇಸಿಗೆಯ ಮಧ್ಯಾಹ್ನ ನೇಕಾರರ ಸಂಘದ ಕಾರ್ಯದರ್ಶಿ ಬೆವರು ಒರೆಸಿಕೊಳ್ಳುತ್ತಾ ಮನೆಗೆ ಬಂದರು. ಬ್ರೆಜಿಲ್ ದೇಶದ ರಿಯೊ ಎಂಬ ಊರಿನಲ್ಲಿ ಹಲವು ದೇಶಗಳ ಕೈಕಸುಬಿನ ಪ್ರದರ್ಶನ ಇದೆಯಂತೆ. ನಮ್ಮ ಇಳಕಲ್ ಸೀರೆಯ ಒಡಲಿನ ನೂಲಿಗೆ ಸೆರಗಿನ ರೇಷ್ಮೆಯನ್ನು ಎಳೆ ಎಳೆಯಾಗಿ ಕುಣಿಕೆ ಹಾಕಿ ಕೂಡಿಸುತ್ತೇವಲ್ಲ, ನಾವು ಅದಕ್ಕೆ ಕೊಂಡಿ ಹಾಕುವುದು ಎನ್ನುತ್ತೇವೆ. ಅದನ್ನು ಜನರ ಮುಂದೆ ಕೂತು ಮಾಡಿ ತೋರಿಸುವ ಹೆಂಗಸು ಬೇಕಂತೆ. ಒಂದು ವಾರದ ಕೆಲಸ. ಮಗ್ಗ ಅಲ್ಲಿಯೇ ಇರುತ್ತದೆ. ಆದರೆ ಜಾಗ ಒಂದೇ. ಮುಂಬೈಯಲ್ಲಿ ಒಬ್ಬರು ವಿಮಾನ ಹತ್ತಿಸುತ್ತಾರೆ, ರಿಯೊದಲ್ಲಿ ಇನ್ನೊಬ್ಬರು ಬಂದು ಕರೆದುಕೊಳ್ಳುತ್ತಾರೆ, ನಡುವೆ ನಾನು ಒಬ್ಬಳೇ.

“ಸೋಮವಾರ ಬರ್ತೇನಿ ಯಕ್ಕಾರ. ಮನ್ಯಾಗ ವಿಚಾರ ಮಾಡಿ ಹೂಂ ಅಂತೀರೋ ಉಹುಂ ಅಂತೀರೋ ಹೇಳ್ರಿ,” ಎಂದು ಚಹಾ ಕುಡಿದು ಹೋದರು.

ಅವರು ಕುಡಿದಿಟ್ಟ ಬಟ್ಟಲು ತೊಳೆಯುವ ಮೊದಲೇ ನಾನು ಓಣಿಯ ಆ ತುದಿಯವರೆಗೆ ಹೇಳಿ ಬಂದಿದ್ದೆ. ವಿಚಾರ ಮಾಡುವ ಕೆಲಸವನ್ನು ಯಜಮಾನರಿಗೆ ಬಿಟ್ಟೆ.

ಅವರು ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂತಿದ್ದರು. ನಮ್ಮದು ನೆಲದಲ್ಲಿ ಕುಣಿ ತೋಡಿ ಹೂಡಿದ ಮಗ್ಗ, ಕೂತವರು ಸೊಂಟದ ಮಟ ನೆಲದೊಳಗೆ ಹುಗಿದಂತೆ ಕಾಣುತ್ತಾರೆ. ಲಾಳಿ ನಿಲ್ಲಿಸಿ ಕೇಳಿದರು:

“ಎಲ್ಲಿ ಬರ್ತೈತಿ ಈ ಊರು?”

ಹೈಸ್ಕೂಲಿಗೆ ಹೋಗುವ ಮೊಮ್ಮಗಳು ನಕಾಶೆಯ ಪುಸ್ತಕ ಬಿಚ್ಚಿ ಅವರ ಮುಂದೆ ಹಿಡಿದಳು. “ಮುತ್ಯಾ, ನಾವು ಇಲ್ಲೆ. ಇದು ಭೂಮಿ ಆ ಮಗ್ಗಲಕ್ಕ. ನಮಗ ಹಗಲಾದ್ರ ಅವರಿಗೆ ರಾತ್ರಿ.”

“ಹಂಗಾರ ವಿಮಾನ ಯಾಕ ಬೇಕು? ಈ ಕುಣಿ ಇನ್ನೊಂದೀಟು ಅಗದು ಬಿಡೂಣು. ನಿಮ್ಮಾಯಿ ಕಾಲು ಇಳಿಬಿಟ್ರ ಸೀದಾ ಅಲ್ಲೇ ಹೋಗಿ ನಿಂದರ್ತಾಳ.”

ಸೊಸೆ ಬಾಯಿಗೆ ಸೆರಗು ಹಿಡಿದು ನಕ್ಕಳು. ನಾನೂ ನಕ್ಕೆ. ಆ ದಿನ ಯಾರು ಏನು ಅಂದರೂ ನನಗೆ ನಗುವೇ ಬರುತ್ತಿತ್ತು.

ಸಂಜೆಯ ಹೊತ್ತಿಗೆ ನಮ್ಮ ಪಡಸಾಲೆ ತುಂಬಿತು. ನಮ್ಮ ಬೇಸಿಗೆ ಮುಗಿಯುವಾಗ ಅಲ್ಲಿ ಚಳಿಗಾಲ ಎಂದು ಮೊಮ್ಮಗಳು ಹೇಳಿದ್ದೇ ತಡ, ಎದುರುಮನೆಯವಳು ಆ ಸುಡುಬಿಸಿಲಿನ ದಿನದಲ್ಲಿ ದಪ್ಪನೆಯ ಕೌದಿ ಹೊತ್ತು ತಂದು ನನ್ನ ತೊಡೆಯ ಮೇಲೆ ಹಾಕಿದಳು. ಸೊಸೆ ಬುತ್ತಿಯ ಲೆಕ್ಕ ಹಿಡಿದಳು: ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಅಗಸಿ ಚಟ್ನಿ, ಗುರೆಳ್ಳು ಚಟ್ನಿ, ಉಪ್ಪಿನಕಾಯಿ.

“ಬಿಡಬ್ಯಾಡ, ಚಟ್ನಿ ಕುಟ್ಟೂ ಒಳ್ಳನೂ ಕಟ್ಟು,” ಎಂದರು ಯಜಮಾನರು. “ಇಷ್ಟೆಲ್ಲಾ ಹೇರಿದ ಮ್ಯಾಲೆ ವಿಮಾನ ಏಳಂಗಿಲ್ಲ. ಚಕ್ಕಡಿ ಹಂಗ ನೆಲದ ಮ್ಯಾಲೇ ರಿಯೊ ಮುಟ್ಟತೈತಿ.”

ಹೀಗೆ ಎಲ್ಲರೂ ನಕ್ಕು ಎದ್ದು ಹೋದಮೇಲೆ ಅವರು ನನ್ನನ್ನು ಕರೆದು ಕೂಡಿಸಿಕೊಂಡರು. ಆಗ ಅವರ ಮುಖದಲ್ಲಿ ನಗು ಇರಲಿಲ್ಲ.

“ಖರೆ ಹೇಳು. ಹೋಗಬೇಕಂತ ಅನಸೇತೇನು?”

“ಅನಸೇತ್ರಿ.”

“ನೀ ಎಂದಾರ ಒಬ್ಬಾಕೀನ ಎಲ್ಲಿಗರೆ ಹೋಗೀಯೇನು? ಹುನಗುಂದದ ಸಂತಿಗೆ ಹೋಗಬೇಕಾದ್ರೂ ನಾಕು ಮಂದಿನ ಕಟಿಗೊಂಡು ಹೋಗ್ತೀ.”

“ಹೋಗಿಲ್ಲ. ಅದಕ್ಕ ಹೋಗಬೇಕಂತೇನಿ.”

ನಾನು ಹೇಳಿದ್ದು ಅಷ್ಟೇ, ಆದರೆ ಅದರೊಳಗೆ ನನ್ನ ಇಡೀ ಬಾಳು ಇತ್ತು. ತವರಿನಿಂದ ಗಂಡನ ಮನೆಗೆ ಬಂದದ್ದು ಹತ್ತು ಜನರ ನಡುವೆ. ಬಾಣಂತನಕ್ಕೆ ಹೋದದ್ದು ಅಣ್ಣನ ಹಿಂದೆ. ಮದುವೆಗೆ, ಮಣ್ಣಿಗೆ, ದೇವರಿಗೆ, ದವಾಖಾನೆಗೆ, ಎಲ್ಲಿಗೆ ಹೋದರೂ ಯಾರದೋ ಬೆನ್ನು ನೋಡುತ್ತಾ ಹೋದವಳು ನಾನು. ದಾರಿ ಹೇಗಿರುತ್ತದೆ ಎಂದು ಕೇಳಿದರೆ ಮುಂದಿನವರ ಬೆನ್ನು ಹೇಗಿರುತ್ತದೆ ಎಂದು ಹೇಳಬಲ್ಲೆ. ಒಂದು ಸಲ, ಒಂದೇ ಸಲ, ಎದುರಿಗೆ ಯಾರೂ ಇಲ್ಲದೆ ಹೋಗಿ ನೋಡಬೇಕು ಅನ್ನಿಸಿತ್ತು.

ಅವರು ತಲೆ ಅಲ್ಲಾಡಿಸಿದರು. “ಹಾದಿದು ಅಲ್ಲ ನನ್ನ ಚಿಂತಿ. ಹಾದಿ ಅವರು ತೋರಸ್ತಾರ. ಅಲ್ಲೆ ಕನ್ನಡಾ ಇಲ್ಲ, ಹಿಂದೀನೂ ಇಲ್ಲ. ಮಾತಿಲ್ಲದ ಒಂದು ವಾರ ನೀ ಹೆಂಗ ಇರ್ತೀ? ಮೀನು ದಂಡಿಗೆ ಹಾಕಿದಂಗ ಆಗತೈತಿ.”

ಆಗ ಬಾಗಿಲ ಹಿಂದೆ ನಿಂತು ಕೇಳುತ್ತಿದ್ದ ಮೊಮ್ಮಗಳು ಒಳಗೆ ನುಗ್ಗಿ ಬಂದಳು. “ಮುತ್ಯಾ, ತಾಲೀಮು ಮಾಡಿಸಿ ನೋಡೂಣು! ಆಯಿ ಒಬ್ಬಾಕೀನ ಬಾದಾಮಿಗೆ ಹೋಗಿ ಬರಲಿ. ಮಾತಾಡಬಾರದು. ಒಂದು ಶಬ್ದಾನೂ ಆಡಬಾರದು.”

ಬಾದಾಮಿಯನ್ನೇ ಏಕೆ ಆರಿಸಿದಳೆಂದರೆ, ಪುಸ್ತಕದಲ್ಲಿದ್ದ ರಿಯೊ ಚಿತ್ರದಲ್ಲಿ ನೀರಿನ ದಂಡೆಗೆ ದೊಡ್ಡ ಕಲ್ಲುಗುಡ್ಡಗಳು ಎದ್ದು ನಿಂತಿದ್ದವು. ಬಾದಾಮಿಯಲ್ಲೂ ಹೊಂಡದ ಮೇಲೆ ಹಾಗೆಯೇ ಗುಡ್ಡ ನಿಂತಿದೆಯಲ್ಲ. ಸಮುದ್ರ ಕಾಣದ ನಮಗೆ ಇದಕ್ಕಿಂತ ಹತ್ತಿರದ ರಿಯೊ ಇನ್ನೆಲ್ಲಿ ಸಿಗಬೇಕು? ದಾರಿಯನ್ನೂ ಅವಳೇ ಹಾಕಿಕೊಟ್ಟಳು. ಹುನಗುಂದ ಎಂದರೆ ಮುಂಬೈ. ಬಾಗಲಕೋಟೆ ಎಂದರೆ ವಿಮಾನ ಬದಲಿಸುವ ಲಂಡನ್. ಅಲ್ಲಿ ಬಸ್ಸು ಬದಲಿಸಿ ಕುಳಗೇರಿ ಕ್ರಾಸಿನಲ್ಲಿ ಇಳಿಯಬೇಕು, ಅದು ಸಮುದ್ರ. ಅಲ್ಲಿಂದ ಇನ್ನೊಂದು ಬಸ್ಸು ಹಿಡಿದರೆ ಬಾದಾಮಿ, ಅದು ರಿಯೊ.

ಯಜಮಾನರು ಮೀಸೆಯಲ್ಲಿ ನಕ್ಕರು. “ಆಗ್ಲಿ. ಒಬ್ಬಾಕೀನ ಹೋಗಬೇಕು, ಒಬ್ಬಾಕೀನ ಬರಬೇಕು. ಬಾದಾಮಿ ಹೊಂಡದಾಗ ಕಾಲಿಟ್ಟು ಬರಬೇಕು. ಬಾಯಿ ತಗೀಬಾರದು. ಇಷ್ಟು ಮಾಡಿದಿ ಅಂದ್ರ ಸೋಮವಾರ ಹೂಂ ಅಂತೇನಿ. ಇಲ್ಲಾಂದ್ರ ಇಲ್ಲ.”

ಶುಕ್ರವಾರ ಬೆಳಿಗ್ಗೆ ನನ್ನನ್ನು ಕಳಿಸಲು ಓಣಿಗೆ ಓಣಿಯೇ ಬಸ್‌ಸ್ಟ್ಯಾಂಡಿಗೆ ಬಂತು. ಒಬ್ಬಳು ಉಡಿ ತುಂಬಿದಳು. ಎದುರುಮನೆಯವಳು ಕಣ್ಣಲ್ಲಿ ನೀರು ತಂದುಕೊಂಡು “ಕಾಗದಾ ಬರೀ ಯಕ್ಕಾ” ಎಂದಳು. ಬಾದಾಮಿಯಿಂದ!

ಬಸ್ಸು ಹೊರಟಿತು, ನನ್ನ ಬಾಯಿಗೆ ಬೀಗ ಬಿತ್ತು. ಹುನಗುಂದದವರೆಗೆ ಕಷ್ಟವಾಗಲಿಲ್ಲ. ಅಲ್ಲಿ ಬಾಗಲಕೋಟೆ ಬಸ್ಸು ಹತ್ತಿದರೆ ನನ್ನ ಪಕ್ಕಕ್ಕೇ ಸಂತೆಯಲ್ಲಿ ಮೆಣಸಿನಕಾಯಿ ಮಾರುವ ಪರಿಚಯದ ಹೆಂಗಸು ಬಂದು ಕೂತಳು. ನನ್ನ ಕರ್ಮ.

“ಅಯ್ಯ, ನೀವೇನ್ರಿ! ಎಲ್ಲಿಗೆ ಹೊಂಟೀರಿ? ಆರಾಮ ಅದೀರಿಲ್ಲೋ? ಯಾಕ, ಮಾತಾಡವಲ್ರಿ? ನನ್ನ ಮ್ಯಾಲೆ ಸಿಟ್ಟೇನ್ರಿ? ಹ್ವಾದ ಸಂತ್ಯಾಗ ಕೊಟ್ಟ ಮೆಣಸಿನಕಾಯಿ ಖಾರ ಇರಲಿಲ್ಲೇನು?”

ನಾನು ತಲೆ ಅಲ್ಲಾಡಿಸಿದೆ, ಕೈ ಮುಗಿದೆ, ಆಕಾಶ ತೋರಿಸಿದೆ, ವಿಮಾನದ ಹಾಗೆ ಎರಡೂ ಕೈ ಚಾಚಿದೆ. ಅವಳು ಸ್ವಲ್ಪ ಹೊತ್ತು ನೋಡಿ, ದನಿ ತಗ್ಗಿಸಿ, “ವ್ರತ ಹಿಡದೀರೇನ್ರಿ?” ಎಂದಳು. ಉಪಾಯ ಸಿಕ್ಕಿತೆಂದು ಹೌದೆಂದು ಗೋಣು ಹಾಕಿದೆ. ಅಷ್ಟೇ ಸಾಕಾಯಿತು. ಅಮೀನಗಡ ಬರುವಷ್ಟರಲ್ಲಿ ಬಸ್ಸಿನಲ್ಲಿದ್ದವರಿಗೆಲ್ಲ ಸುದ್ದಿ ಮುಟ್ಟಿತ್ತು. ಕರದಂಟು ಕೊಂಡವನೊಬ್ಬ ಒಂದು ತುಂಡು ಮುರಿದು ನನ್ನ ಕೈಗಿಟ್ಟು ನಮಸ್ಕಾರ ಮಾಡಿದ. ವ್ರತದ ಫಲ ಸಿಹಿಯಾಗಿಯೇ ಇತ್ತು.

ಬಾಗಲಕೋಟೆಯ ಬಸ್‌ಸ್ಟ್ಯಾಂಡಿನ ಹತ್ತಿರ ಖಾನಾವಳಿಗೆ ಹೋದೆ. ಒಬ್ಬಳೇ ಖಾನಾವಳಿಯಲ್ಲಿ ಕೂತದ್ದೂ ಅದೇ ಮೊದಲು. ರೊಟ್ಟಿ ಬೇಕೆಂದು ಎರಡೂ ಅಂಗೈ ಬಡಿದು ತೋರಿಸಿದೆ, ಬಡಿಸುವವನಿಗೆ ಅದು ಕೂಡಲೇ ತಿಳಿಯಿತು. ಬದನೆಕಾಯಿ ಎಣ್ಣೆಗಾಯಿ, ಕಾಳುಪಲ್ಯ ಬಂದವು. ಸಾಕು ಎನ್ನಲು ಕೈಯನ್ನು ಎಲ್ಲಾ ಬೆರಳು ಬಿಡಿಸಿ ಅಡ್ಡ ಹಿಡಿದೆ. ಅವನು ಬೆರಳು ಎಣಿಸಿ ಅಷ್ಟು ರೊಟ್ಟಿ ತಂದು ಹಾಕಿದ. ಬೇಡವೆಂದು ಎರಡೂ ಕೈ ಅಡ್ಡ ಹಿಡಿದೆ. ಅವನ ಮುಖ ಅರಳಿತು, ಒಳಗೆ ನೋಡಿ ಕೂಗಿದ: “ಯವ್ವಾ, ಹಂಚು ಇಳಸಬ್ಯಾಡ! ಭಾಳ ಹಸದಾಕಿ ಬಂದಾಳ!” ನಾನು ತಾಟಿನ ಮೇಲೆ ಬಗ್ಗಿ ಮುಚ್ಚಿ ಕೂತಮೇಲೆಯೇ ಅದು ನಿಂತದ್ದು. ಲಂಡನ್ನಿನಲ್ಲಿ ಯಾರೂ ಹಸಿದು ಸಾಯುವುದಿಲ್ಲ ಎಂದು ಮಾತ್ರ ಖಾತ್ರಿಯಾಯಿತು.

ಕುಳಗೇರಿ ಕ್ರಾಸಿನಲ್ಲಿ ಇಳಿದಾಗ ಬಿಸಿಲು ಇಳಿಯುತ್ತಿತ್ತು. ಸುತ್ತ ನಾಲ್ಕು ಅಂಗಡಿ, ಲಾರಿಗಳ ಧೂಳು. ಬಾದಾಮಿ ಬಸ್ಸು ಬಂದು ನಿಂತಿತು. ಬಾಗಿಲಲ್ಲಿ ಒಬ್ಬ ಹೆಂಗಸು ಜೋಳದ ಹಿಟ್ಟಿನ ಚೀಲ ಮೇಲೆತ್ತಲಾಗದೆ ಒದ್ದಾಡುತ್ತಿದ್ದಳು, ಹೋಗಿ ಇನ್ನೊಂದು ತುದಿ ಹಿಡಿದೆ. ಬಸ್ಸಿನಲ್ಲಿ ಅವಳು ನನ್ನ ಪಕ್ಕದಲ್ಲೇ ಕೂತಳು. ನನಗಿಂತ ಸಣ್ಣವಳು, ಮೊಣಕಾಲು ಮಾತ್ರ ನನಗಿಂತ ಮುಪ್ಪಾಗಿದ್ದವು, ಕೂಡುವಾಗ ಏಳುವಾಗ “ಯವ್ವಾ” ಎನ್ನುತ್ತಿದ್ದಳು. ಬಾದಾಮಿ ದಾಟಿ ಅದೇ ಬಸ್ಸು ಮುಟ್ಟುವ ಚೊಳಚಗುಡ್ಡದವಳು. ಬನಶಂಕರಿ ಗುಡಿಯ ಮುಂದೆ ಬುಟ್ಟಿ ಇಟ್ಟುಕೊಂಡು ಬಂದ ಭಕ್ತರಿಗೆ ರೊಟ್ಟಿ, ಪಲ್ಯ, ಮೊಸರು ಮಾರುತ್ತಾಳೆ. ಇದೆಲ್ಲ ನಾನು ಕೇಳದೆಯೇ ಅವಳು ಹೇಳಿದ್ದು.

“ನಿಮ್ಮದು ಯಾ ಊರು ಯಕ್ಕಾ?”

ನಾನು ಬಾಯಿ ಮುಟ್ಟಿಕೊಂಡು ಕೈ ಅಲ್ಲಾಡಿಸಿದೆ. ಅವಳ ಮುಖ ಸಣ್ಣದಾಯಿತು.

“ಅಯ್ಯ ಶಿವನ, ಮಾತು ಬರೂದಿಲ್ಲೇನು? ಹುಟ್ಟಿದಾಗಿಂದ ಹಿಂಗ ಐತೇನು?”

ಅದಕ್ಕೆ ಏನು ಸನ್ನೆ ಮಾಡಬೇಕೋ ತಿಳಿಯದೆ ಸುಮ್ಮನೆ ಕೂತೆ. ಅವಳು ನನ್ನ ಕೈ ಹಿಡಿದುಕೊಂಡಳು. ಹಿಡಿದವಳು ಬಿಡಲೇ ಇಲ್ಲ.

ಬಾದಾಮಿ ಬಂತು. ಕಿಟಕಿಯಲ್ಲಿ ಕೆಂಪು ಗುಡ್ಡ ಕಂಡಿತು. ನಾನು ಎದ್ದೆ. ಅವಳು ಕೈ ಹಿಡಿದೆಳೆದು ಕೂಡಿಸಿದಳು. “ಕೂಡ್ರಿ. ಕತ್ತಲಾಗಾಕ ಬಂತು, ಬಾಯಿ ಇಲ್ಲದಾಕಿನ್ನ ಈ ಸ್ಟ್ಯಾಂಡಿನ್ಯಾಗ ಹೆಂಗ ಬಿಡ್ಲಿ? ನಮ್ಮನಿಗೆ ಹೋಗೂಣು.” ನಾನು ಬೇಡವೆಂದು ಗುಡ್ಡ ತೋರಿಸಿದೆ, ಕಾಲು ತೋರಿಸಿದೆ. “ಕಾಲೂ ನೋಯ್ತಾವೇನು? ನಂದೂ ಹಂಗ,” ಎಂದಳು. ಅಷ್ಟರಲ್ಲಿ ಬಸ್ಸು ಹೊರಟೇಬಿಟ್ಟಿತು. ರಿಯೊ ನನ್ನ ಕಣ್ಣ ಮುಂದೆಯೇ ಹಿಂದೆ ಹೋಯಿತು.

ಅವಳ ಮನೆಯಲ್ಲಿ ಬಿಸಿ ರೊಟ್ಟಿ ತಿಂದೆ. ಅವಳ ಅತ್ತೆ ಬಡಿಯುತ್ತಿದ್ದರು, ಅವಳು ಮಾತಾಡುತ್ತಿದ್ದಳು. ಊಟ ಮುಗಿಸಿ ಇಬ್ಬರೂ ಅಂಗಳದಲ್ಲಿ ಹೊರಸಿನ ಮೇಲೆ ಕೂತಾಗ ಅವಳು ಮನಸ್ಸು ಬಿಚ್ಚಿದಳು. ನನ್ನಂಥ ಮಾತಿನವಳಿಗೆ ಇದಕ್ಕಿಂತ ದೊಡ್ಡ ಶಿಕ್ಷೆ ಉಂಟೇ? ಅವಳ ಗಂಡ, ಗಂಡನ ತಮ್ಮ, ತಮ್ಮನ ಎಮ್ಮೆ, ಎಲ್ಲರ ವಿಷಯ ಬಂತು. ಪ್ರತಿಯೊಂದಕ್ಕೂ ನನ್ನ ಹತ್ತಿರ ಹೇಳಲು ಒಂದು ಮಾತಿತ್ತು, ಗಂಟಲಿನವರೆಗೆ ಬಂದು ನಿಲ್ಲುತ್ತಿತ್ತು. ಕೊನೆಗೆ ಅವಳು ಒಳಗೆ ಇಣುಕಿ ನೋಡಿ ಹತ್ತಿರ ಸರಿದಳು.

“ಯಕ್ಕಾ, ಒಂದು ಮಾತು ಹೇಳ್ತೇನಿ. ಗುಡಿ ಮುಂದ ಮಂದಿ ನನ್ನ ರೊಟ್ಟಿ ಹೊಗಳ್ತಾರ. ನಾನ ಬಡದೇನಿ ಅಂತ ಹೇಳ್ತೇನಿ. ಬಡ್ಯಾಕಿ ನಮ್ಮತ್ತಿ! ನನ್ನ ರೊಟ್ಟಿ ನಾಯಿನೂ ಮೂಸಂಗಿಲ್ಲ. ಇಷ್ಟು ವರ್ಷದಾಗ ಯಾರ ಮುಂದೂ ಬಾಯಿ ಬಿಟ್ಟಿಲ್ಲ. ನೀವು ಬಿಡ್ರಿ, ನೀವು ಯಾರಿಗೆ ಹೇಳ್ತೀರಿ?”

ನಗು ತಡೆಯಲು ಸೆರಗು ಬಾಯಿಗೆ ತುರುಕಿಕೊಂಡೆ. ಅಳುತ್ತಿದ್ದೇನೆಂದು ತಿಳಿದು ಬೆನ್ನು ಸವರಿದಳು.

ಮರುದಿನ ಬೆಳಿಗ್ಗೆ ನನ್ನನ್ನು ಗುಡಿಗೆ ಕರೆದುಕೊಂಡು ಹೋದಳು. ಹೊಂಡದಲ್ಲಿ ಕಾಲು ತೊಳೆದೆವು. ಬಾದಾಮಿಯ ಹೊಂಡವಲ್ಲದಿದ್ದರೂ ಹೊಂಡ ಹೊಂಡವೇ ಎಂದು ಮನಸ್ಸಿಗೆ ಸಮಾಧಾನ ಹೇಳಿಕೊಂಡೆ. ಆದರೆ ಗರ್ಭಗುಡಿಯ ಎದುರು ನಿಂತಾಗ ಸೆರಗನ್ನು ಹಣೆಯ ತನಕ ಎಳೆದುಕೊಂಡೆ. ಬನಶಂಕರಿ ನಮ್ಮ ಮನೆದೇವರು. ಚಿಕ್ಕಂದಿನಿಂದ ಅವಳ ಮುಂದೆ ಬಾಯಿ ತುಂಬಾ ಹಾಡಿದವಳು ನಾನು, ಈಗ ಮೂಕಿಯಾಗಿ ನಿಂತಿದ್ದೇನೆ. ಅವಳಿಗೆ ನನ್ನ ಗುರುತು ಸಿಗದೇ ಇದ್ದೀತೇ?

ನಾನು ಕಣ್ಣು ಮುಚ್ಚಿ ಕ್ಷಮೆ ಕೇಳುತ್ತಿದ್ದಾಗ ಪಕ್ಕದಲ್ಲಿ ಅವಳ ದನಿ ಎದ್ದಿತು. ಗುಡಿಯಲ್ಲಿದ್ದವರೆಲ್ಲ ತಿರುಗಿ ನೋಡುವಷ್ಟು ದೊಡ್ಡ ದನಿ.

“ಯವ್ವಾ ಬನಶಂಕರಿ! ಇಕಿಗೆ ಬಾಯಿ ಕೊಡವ್ವಾ. ಇಕಿ ಬಾಯಾಗಿಂದ ಒಂದು ಮಾತು ಬರಲಿ, ನಾ ಹೊಂಡದಿಂದ ನಿನ್ನ ಬಾಗಿಲತನಕ ದೀಡ ನಮಸ್ಕಾರ ಹಾಕ್ತೇನಿ!”

ದೀಡ ನಮಸ್ಕಾರವೆಂದರೆ ಹುಡುಗಾಟವಲ್ಲ. ನೆಲಕ್ಕೆ ಉದ್ದಕ್ಕೆ ಬೀಳಬೇಕು, ಕೈ ಮುಟ್ಟಿದಲ್ಲಿ ಗೆರೆ ಎಳೆಯಬೇಕು, ಎದ್ದು ಆ ಗೆರೆಯ ಮೇಲೆ ನಿಂತು ಮತ್ತೆ ಬೀಳಬೇಕು, ಹಾಗೆಯೇ ದೇವರ ಬಾಗಿಲಿನ ತನಕ. ಆ ಕಾದ ಕಲ್ಲಿನ ಮೇಲೆ, ಆ ಮೊಣಕಾಲುಗಳಲ್ಲಿ, ನಿನ್ನೆಯಷ್ಟೇ ಕಂಡ ನನಗಾಗಿ! ನನಗೆ ಬ್ರೆಜಿಲ್ ಮರೆತೇ ಹೋಯಿತು.

“ಏ ತಂಗೀ, ಬ್ಯಾಡ! ನಿನ್ನ ಮೊಣಕಾಲು ಮುರದಾವು!” ಎಂದು ಚೀರಿಬಿಟ್ಟೆ.

ಗುಡಿಯಲ್ಲಿದ್ದವರೆಲ್ಲ ಒಟ್ಟಿಗೆ ಕೂಗಿದರು. ಯಾರೋ ಗಂಟೆ ಬಾರಿಸಿದರು, ಯಾರೋ ಕಾಯಿ ಒಡೆದರು. ಒಬ್ಬ ಮುದುಕ ನನ್ನ ಕಾಲಿಗೆ ಬಿದ್ದ. ಹರಕೆ ತಪ್ಪಿಸಲು ಬಾಯಿ ತೆರೆದಿದ್ದೆ, ತೆರೆದ ಬಾಯಿಯೇ ಹರಕೆಯನ್ನು ಅವಳ ತಲೆಗೆ ಕಟ್ಟಿತು. ಅವಳು ನನ್ನನ್ನು ಅಪ್ಪಿಕೊಂಡು ಗಳಗಳ ಅಳತೊಡಗಿದಳು.

“ಇಲ್ಲವಾ ಇಲ್ಲ, ನಂಗ ಮೊದಲಿಂದ ಮಾತು ಬರ್ತಾವ!” ಎಂದು ಕೂಗಿದೆ. “ಭಾಳ ಬರ್ತಾವ! ನಾ ಬ್ರೆಜಿಲ್ಲಿಗೆ ಹೊಂಟೇನಿ. ಇದು ರಿಯೊ. ಅಂದ್ರ ಬಾದಾಮಿ ರಿಯೊ, ಬಾಗಲಕೋಟಿ ಲಂಡನ್ನು. ಅಲ್ಲೆ ಕನ್ನಡಾ ಇಲ್ಲಂತ, ಅದಕ್ಕ ನಮ್ಮ ಯಜಮಾನ್ರು ಮಾತಾಡಬ್ಯಾಡ ಅಂದಾರ.”

ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹಿಂದಿನಿಂದ ಒಬ್ಬಳು ಕನಿಕರದಿಂದ ಹೇಳಿದಳು: “ಪಾಪ, ಬಾಯಿ ಬಂತು, ತಲಿ ಹೋತು.”

ಪೂಜಾರಿ ನಮ್ಮನ್ನು ಒಂದು ಕಡೆ ಕೂಡಿಸಿ ಮೊದಲಿನಿಂದ ಎಲ್ಲವನ್ನೂ ಹೇಳಿಸಿದರು. ಕೇಳುತ್ತಾ ಕೇಳುತ್ತಾ ಅವರ ಹೊಟ್ಟೆ ಅಲುಗತೊಡಗಿತು. ನನ್ನ ಚೊಳಚಗುಡ್ಡದ ತಂಗಿಯ ಅಳು ನಿಂತಿತ್ತು, ಸಿಟ್ಟು ಏರುತ್ತಿತ್ತು.

“ಹಂಗಾರ ನಿನ್ನಿ ರಾತ್ರಿ ಎಲ್ಲಾ ಕೇಳಿಸಿಕೊಂಡೀರಿ?”

“ಕೇಳೇನಿ.”

“ರೊಟ್ಟಿದೂ?”

“ರೊಟ್ಟಿದೂ.”

“ಯಾರ ಮುಂದರೆ ಬಾಯಿ ಬಿಟ್ಟೀರಿ ಅಂದ್ರ ನೋಡ್ರಿ ಮತ್ತ!”

ಬಿಟ್ಟಿಲ್ಲ. ಇಲ್ಲಿ ಬರೆದೆ ನಿಜ, ಆದರೆ ಹೆಸರು ಬರೆದಿಲ್ಲ. ಆ ಗುಡಿಯ ಮುಂದೆ ರೊಟ್ಟಿ ಮಾರುವವರು ಬೇಕಾದಷ್ಟು ಜನ ಇದ್ದಾರೆ.

ಹರಕೆ ಯಾರು ತೀರಿಸಬೇಕೆಂದು ಪೂಜಾರಿಯನ್ನು ಕೇಳಿದೆವು. “ತಾಯಿ ಮುಂದ ಸುಳ್ಳು ಮೂಕಿ ಆಗಿ ನಿಂತಾಕಿ ನೀನು. ನೀನ ಹಾಕು,” ಎಂದರು. ನನಗೂ ಅದೇ ಸರಿ ಅನ್ನಿಸಿತು. ಹೊಂಡದಲ್ಲಿ ಮುಳುಗೆದ್ದು ಒದ್ದೆ ಸೀರೆಯಲ್ಲಿ ಶುರು ಮಾಡಿದೆ. ನಾನು ನೆಲಕ್ಕೆ ಬಿದ್ದಾಗಲೆಲ್ಲ ಅವಳು ನನ್ನ ಬೆರಳ ತುದಿಗೆ ಕಡ್ಡಿಯಿಂದ ಗೆರೆ ಎಳೆಯುತ್ತಿದ್ದಳು. ಮೊದಲು ಮುಖ ಗಂಟು ಹಾಕಿಕೊಂಡೇ ಎಳೆದಳು. ಅರ್ಧ ದಾರಿಯಲ್ಲಿ “ಏಳ್ರಿ, ಲಂಡನ್ ಬಂತು” ಎಂದಳು. ನಾನು ಬಿದ್ದಲ್ಲೇ ನಗತೊಡಗಿದೆ, ಅವಳೂ ಕಡ್ಡಿ ಬಿಸಾಕಿ ಕೂತು ನಕ್ಕಳು. ದೇವಿಯ ಬಾಗಿಲಿಗೆ ಮುಟ್ಟಿದಾಗ ಇಬ್ಬರ ಕಣ್ಣಲ್ಲೂ ನೀರಿತ್ತು.

ಆ ರಾತ್ರಿಯೂ ಅವರ ಮನೆಯಲ್ಲೇ ಉಳಿದೆ. ಭಾನುವಾರ ಅವಳು ರೊಟ್ಟಿಯ ಗಂಟು ಕಟ್ಟಿಕೊಂಡು ನನ್ನ ಜೊತೆ ಬಸ್ಸು ಹತ್ತಿದಳು. “ನೀವು ಹೇಳಿದ್ದು ಖರೆ ಐತೋ ಸುಳ್ಳೋ, ಇಳಕಲ್ಲಿಗೆ ಬಂದು ನೋಡೇ ಹೋಗಾಕಿ ನಾ,” ಎಂದಳು. ದಾರಿಯುದ್ದಕ್ಕೂ ನಾನು ಮಾತಾಡಿದೆ. ತಡೆದಿಟ್ಟ ಮಾತೆಲ್ಲ ಆಡಿ ಮುಗಿಸುವಷ್ಟರಲ್ಲಿ ಹುನಗುಂದ ದಾಟಿತ್ತು. ಮುಗಿದಮೇಲೆ ಮನೆಯ ನೆನಪಾಯಿತು, ಯಜಮಾನರ ಕರಾರುಗಳೂ ನೆನಪಾದವು. ಆಗ ಮಾತ್ರ ನಾನಾಗಿಯೇ ಸುಮ್ಮನಾದೆ.

ಯಜಮಾನರು ಕಟ್ಟೆಯ ಮೇಲೆ ಕೂತಿದ್ದರು. ನನ್ನನ್ನು ನೋಡಿ ಎದ್ದರು, ಮತ್ತೆ ಏನೂ ಆಗದವರ ಹಾಗೆ ಕೂತರು. ಮೊಮ್ಮಗಳು ಓಡಿ ಬಂದು ನನ್ನ ಕಿವಿಯಲ್ಲಿ, “ಆಯಿ, ನೀ ಹೋದಾಗಿಂದ ಮುತ್ಯಾ ಮಗ್ಗದ ಜೋಡಿ ಜಗಳಾಡಾಕತ್ತಾನ,” ಎಂದಳು.

“ಬಾದಾಮ್ಯಾಗ ಇಳದಿ?” ಎಂದು ವಿಚಾರಣೆ ಶುರುವಾಯಿತು.

“ಇಲ್ರಿ.”

“ಹೊಂಡದಾಗ ಕಾಲಿಟ್ಟಿ?”

“ಬ್ಯಾರೆ ಹೊಂಡದಾಗ ಇಟ್ಟೆ.”

“ಬಾಯಿ?”

“ತಗದೆ.”

“ಒಬ್ಬಾಕೀನ ಬಂದಿ?”

ನಾನು ಪಕ್ಕದಲ್ಲಿ ನಿಂತವಳನ್ನು ನೋಡಿದೆ. ಅವಳು ರೊಟ್ಟಿಯ ಗಂಟನ್ನು ಎದೆಗೆ ಅವುಚಿಕೊಂಡಳು. ಒಬ್ಬಳೇ ಹೊರಟದ್ದೊಂದು ಬಿಟ್ಟರೆ ಒಂದು ಕರಾರೂ ಉಳಿದಿರಲಿಲ್ಲ. ಯಜಮಾನರು ನಗಲೂ ಇಲ್ಲ, ಬಯ್ಯಲೂ ಇಲ್ಲ, ಒಳಗೆ ಹೋಗಲು ಎದ್ದರು. ಅವರು ಕೀಟಲೆ ಮಾಡದಿದ್ದರೆ ನನಗೆ ಹೆದರಿಕೆಯಾಗುತ್ತದೆ. ಮುಗಿಯಿತು ಎಂದುಕೊಂಡೆ. ಇನ್ನು ಮೇಲೆ ಆ ನಕಾಶೆಯ ಪುಸ್ತಕದಲ್ಲೇ ರಿಯೊ ನೋಡುವುದು.

“ಅಣ್ಣಾರ, ಒಂದೀಟು ನಿಂದರ್ರಿ,” ಎಂದಳು ನನ್ನ ತಂಗಿ. “ನಾ ಯಾರಂತ ಕೇಳಲೇ ಇಲ್ಲಲ್ಲ. ಶುಕ್ರವಾರ ಇಕಿ ಯಾರೋ ನಾ ಯಾರೋ. ಇಕಿ ಹೆಸರು ಹೇಳಲಿಲ್ಲ, ಊರು ಹೇಳಲಿಲ್ಲ, ಒಂದು ಮಾತಾಡಲಿಲ್ಲ. ಹಿಟ್ಟಿನ ಚೀಲಾ ಎತ್ತಾಕ ನಾ ಒದ್ದಾಡಾಕತ್ತಿದ್ದೆ. ನೂರು ಮಂದಿ ನೋಡಕೋತ ನಿಂತಿದ್ರು, ಇಕಿ ಬಂದು ಆ ತುದಿ ಹಿಡದಳು. ಅದಕ್ಕ ಮನಿಗೆ ಕರಕೊಂಡು ಹೋದೆ. ನನ್ನ ಅಕ್ಕ-ತಂಗ್ಯಾರ ಮುಂದ ಹೇಳಲಾರದ್ದು ಇಕಿ ಮುಂದ ಹೇಳೇನಿ. ಇಕಿ ಸಲುವಾಗಿ ಹರಕಿ ಹೊತ್ತೇನಿ. ಮಾತಿಲ್ಲದ ಇದ್ದಾಗ ಇಷ್ಟ ಆತು. ಇನ್ನೇನು ಪರೀಕ್ಷಾ ಬೇಕ್ರಿ ನಿಮಗ?”

ಯಜಮಾನರು ನಿಂತರು. ಅವಳು ಹೇಳಿದ್ದರಲ್ಲಿ ಒಂದು ಮಾತು ಅವರನ್ನು ತಡೆದು ನಿಲ್ಲಿಸಿತ್ತು. “ಹರಕಿ? ಎಂಥಾ ಹರಕಿ?”

ನಾನು ಹೇಳಲು ಬಾಯಿ ತೆರೆದೆ. ಅವಳು ನನ್ನನ್ನು ತಡೆದು ತಾನೇ ಹೇಳಿದಳು. ಬಾಯಿ ಬಂತು ತಲಿ ಹೋತು ಎನ್ನುವಲ್ಲಿಗೆ ಬಂದಾಗ ಯಜಮಾನರು ಕಂಬ ಹಿಡಿದುಕೊಂಡರು. ಲಂಡನ್ ಬಂತು ಏಳ್ರಿ ಎನ್ನುವಲ್ಲಿ ಕೆಳಗೇ ಕೂತುಬಿಟ್ಟರು. ಅಷ್ಟು ನಕ್ಕದ್ದನ್ನು ನಾನು ಮದುವೆಯಾದಾಗಿನಿಂದ ನೋಡಿರಲಿಲ್ಲ. ಆದರೆ ಹೂಂ ಎನ್ನಲಿಲ್ಲ. ಕಣ್ಣು ಒರೆಸಿಕೊಂಡು, “ಮೊದಲ ಆಕಿಗೆ ಊಟಕ್ಕ ಹಾಕ್ರಿ,” ಎಂದರು.

ಸೋಮವಾರ ಕಾರ್ಯದರ್ಶಿ ಬಂದರು. ನಾನು ಚಹಾ ತಂದಿಟ್ಟು ಬಾಗಿಲ ಹತ್ತಿರ ನಿಂತೆ. ಚೊಳಚಗುಡ್ಡದ ತಂಗಿ ಇನ್ನೂ ಊರಿಗೆ ಹೋಗಿರಲಿಲ್ಲ, ನನ್ನ ಹಿಂದೆಯೇ ನಿಂತಿದ್ದಳು.

“ಏನಂತೀರಿ ಯಜಮಾನ್ರ? ಒಬ್ಬರ ಹೋಗಬೇಕಾಗತೈತಿ ನೋಡ್ರಿ,” ಎಂದರು ಕಾರ್ಯದರ್ಶಿ.

ಯಜಮಾನರು ನನ್ನ ಕಡೆ ನೋಡಲಿಲ್ಲ. ಕಂಡಿಕೆಗೆ ನೂಲು ಸುತ್ತುತ್ತಲೇ ಹೇಳಿದರು: “ಹೋಗ್ತಾಳ್ರಿ. ಒಬ್ಬಾಕೀನ ಹೋಗ್ತಾಳ. ಆದ್ರ ಅಲ್ಲೆ ಹೋಗಿ ಒಬ್ಬಾಕೀನ ಇರಂಗಿಲ್ಲ, ಬರೂವಾಗೂ ಒಬ್ಬಾಕೀನ ಬರಂಗಿಲ್ಲ. ತಿರುಗಿ ಬರೂ ವಿಮಾನದಾಗ ಇನ್ನೊಂದು ಜಾಗಾ ಹಿಡದಿಡ್ರಿ.”

ಕಾರ್ಯದರ್ಶಿಗೆ ಏನೂ ತಿಳಿಯಲಿಲ್ಲ, ನನಗೆ ಎಲ್ಲ ತಿಳಿಯಿತು. ನಾನು ಅಲ್ಲೇ ಬಾಗಿಲಲ್ಲಿ ಕುಣಿಯುವುದೊಂದು ಬಾಕಿ. ಹಿಂದಿನಿಂದ ನನ್ನ ತಂಗಿ ನನ್ನ ಬೆನ್ನಿಗೆ ಗುದ್ದಿದ ಗುದ್ದು ವಾರವೆಲ್ಲ ನೋಯಿತು.

ಅವತ್ತು ಮಧ್ಯಾಹ್ನವೇ ಪಾಸ್‌ಪೋರ್ಟಿನ ಫೋಟೋ ತೆಗೆಸಲು ಎಲ್ಲರೂ ಹೋದೆವು. ಫೋಟೋದವನು ನನ್ನನ್ನು ಸ್ಟೂಲಿನ ಮೇಲೆ ಕೂಡಿಸಿ, ಸೆರಗು ಸರಿ ಮಾಡಿಕೊಳ್ಳಲು ಹೇಳಿ, ಕಪ್ಪು ಅರಿವೆಯೊಳಗೆ ತಲೆ ಹಾಕಿದ. “ಅಮ್ಮಾರ, ಒಂದು ಗಳಿಗಿ ಬಾಯಿ ಮುಚ್ಚಿಕೊಂಡು ಕೂಡ್ರಿ,” ಎಂದ.

“ತಮ್ಮಾ, ಅದೊಂದು ಬಿಟ್ಟು ಬ್ಯಾರೆ ಏನರೆ ಹೇಳು,” ಎಂದರು ಯಜಮಾನರು.

ಆ ಫೋಟೋ ಈಗಲೂ ನನ್ನ ಹತ್ತಿರ ಇದೆ. ಹಲ್ಲೆಲ್ಲ ಕಾಣುತ್ತವೆ.